ದರ ಗೊತ್ತಿದ್ದೂ ಹೇಳದ ಶಾಂತಕ್ಕ

ಕೊಟ್ಟೂರಿನ ಮಾರ್ಕೆಟ್ ಗೇಟಿನ ಎದುರು ಇನ್ನೂ ಸರಿಯಾಗಿ ಬೆಳಕು ಹರಿದಿಲ್ಲ. ಹಳದಿ ಬೋರ್ಡಿನ ಪುಟ್ಟ ಟೆಲಿಫೋನ್ ಬೂತಿನ ಮುಂದೆ ತಲೆಗೆ ಟವೆಲ್ ಸುತ್ತಿಕೊಂಡ ಶೇಂಗಾ ವ್ಯಾಪಾರಿಗಳು ಸಾಲಾಗಿ ನಿಂತಿದ್ದಾರೆ. ಆರು ಗಂಟೆಯೊಳಗೆ ಮಾತು ಮುಗಿಸಿದರೆ ಚಾರ್ಜು ಕಾಲು ಭಾಗ ಮಾತ್ರ, ಹಾಗಾಗಿ ಎಲ್ಲರಿಗೂ ಅವಸರ. ಒಳಗೆ ಎತ್ತರದ ಸ್ಟೂಲಿನ ಮೇಲೆ ಕುಳಿತ ಶಾಂತಕುಮಾರಿ ರಿಸೀವರನ್ನು ಕಿವಿಗೂ ಭುಜಕ್ಕೂ ನಡುವೆ ಸಿಕ್ಕಿಸಿಕೊಂಡು ಚಳ್ಳಕೆರೆಯ ನಂಬರು ಒತ್ತುತ್ತಿದ್ದಾರೆ. ಎಂಗೇಜ್. ಮತ್ತೆ ಒತ್ತುತ್ತಾರೆ. ಮತ್ತೆ ಎಂಗೇಜ್. ಸಾಲಿನಲ್ಲಿ ಯಾರೋ ಗಂಟಲು ಸರಿಮಾಡಿಕೊಂಡದ್ದು ಕೇಳುತ್ತದೆ.

"ತಡೀರಿ ಯಪ್ಪಾ," ಎನ್ನುತ್ತಾರೆ ಶಾಂತಕುಮಾರಿ, ತಿರುಗಿಯೂ ನೋಡದೆ. "ಆ ಕಡಿಯವರಿಗೂ ನಿಮ್ಮಂಗ ಅವಸರ ಐತಿ."

ಕೊನೆಗೂ ಲೈನ್ ಸಿಗುತ್ತದೆ. ಆಚೆಯಿಂದ ಹಲೋ ಎಂದದ್ದೇ ತಡ, ರಿಸೀವರನ್ನು ವ್ಯಾಪಾರಿಯ ಕೈಗೆ ಕೊಟ್ಟು, ಗೋಡೆಗೆ ಆನಿಸಿದ ಊರುಗೋಲನ್ನು ಹಿಡಿದು ಸ್ಟೂಲಿನಿಂದ ಇಳಿದು, ಗಾಜಿನ ಬಾಗಿಲು ಎಳೆದುಕೊಂಡು ಹೊರಗೆ ಬರುತ್ತಾರೆ. ಬಾಗಿಲಿಗೆ ಬೆನ್ನು ಹಾಕಿ ನಿಂತು ಸಣ್ಣ ದನಿಯಲ್ಲಿ ಪದ್ಯ ಹೇಳಲು ತೊಡಗುತ್ತಾರೆ. ಅಜ್ಜನಿಂದ ಬಾಯಿಪಾಠವಾದ ಪದ್ಯಗಳು, ಶ್ರಾವಣದಲ್ಲಿ ಮಠದ ಪುರಾಣಕ್ಕೆ ಅಜ್ಜ ಓದುತ್ತಿದ್ದಂಥವು. ಒಳಗಿನ ಮಾತು ಮುಗಿಯುವವರೆಗೆ ಹೊರಗಿನ ಪದ್ಯ ನಿಲ್ಲುವುದಿಲ್ಲ. ಬೂತಿಗೆ ಹೊಸದಾಗಿ ಬಂದವರು ಈಕೆಗೆ ಭಕ್ತಿ ಬಹಳ ಎಂದುಕೊಳ್ಳುತ್ತಾರೆ. ಭಕ್ತಿ ಇರುವುದು ನಿಜ. ಆದರೆ ಈ ಹೊತ್ತಿನ ಪದ್ಯ ಮುಖ್ಯವಾಗಿ ತಮ್ಮದೇ ಕಿವಿಗಳಿಗಾಗಿ. ಬಾಯಿ ಪದ್ಯದ ಮೇಲಿದ್ದರೆ ಕಿವಿಯೂ ಅಲ್ಲೇ ಇರುತ್ತದೆ ಎಂಬ ಲೆಕ್ಕ.

ಲೆಕ್ಕ ಯಾವಾಗಲೂ ಕೂಡಿಬರುವುದಿಲ್ಲ. ಗಾಜಿನ ಬಾಗಿಲ ಕೆಳಗೆ ಮೂರು ಬೆರಳು ಸಂದು ಇದೆ. "ಕೇಳಬಾರ್ದು ಅಂದ್ರ ಕಿವಿಗೆ ಬಾಗಲಾ ಐತೇನ್ರಿ? ಬೀಳೋದು ಬೀಳತೈತಿ," ಎನ್ನುತ್ತಾರೆ ಅವರು. "ಬಾಯಿಗೆ ಮಾತ್ರ ಬಾಗಲಾ ಐತಿ. ಅದನ್ನ ನಾನು ಹಾಕ್ಕೊಂಡೀನಿ."

ಆ ಬಾಗಿಲಿಗೆ ಈ ಪೇಟೆಯಲ್ಲಿ ಎಷ್ಟು ಬೆಲೆ ಎಂಬುದು ಶೇಂಗಾ ಸುಗ್ಗಿಯಲ್ಲಿ ಇಲ್ಲಿ ಒಂದು ಬೆಳಗು ನಿಂತವರಿಗೆ ತಿಳಿಯುತ್ತದೆ. ಚಿಗಟೇರಿ, ಕೋಗಳಿ, ತಂಬ್ರಹಳ್ಳಿ ಕಡೆಗಳಿಂದ ರಾತ್ರಿಯೇ ಹೊರಟ ಬಂಡಿ, ಟ್ರ್ಯಾಕ್ಟರುಗಳು ಹೊತ್ತು ಮೂಡುವಷ್ಟರಲ್ಲಿ ಪ್ರಾಂಗಣದಲ್ಲಿ ಶೇಂಗಾ ಸುರಿದಿರುತ್ತವೆ. ಹತ್ತು ಗಂಟೆಗೆ ಸವಾಲು ಶುರು. ಖರೀದಿದಾರರು ರಾಶಿಯಿಂದ ರಾಶಿಗೆ ಗುಂಪಾಗಿ ನಡೆಯುತ್ತ, ಕಾಯಿ ಒಡೆದು ಬೀಜ ಬಾಯಿಗೆ ಹಾಕಿಕೊಳ್ಳುತ್ತ ದರ ಕೂಗುತ್ತಾರೆ. ಆ ದರ ಹುಟ್ಟುವುದು ಇಲ್ಲಲ್ಲ. ಮುಂಬಯಿಯಲ್ಲಿ ಎಣ್ಣೆ ಏರಿದರೆ ಚಳ್ಳಕೆರೆಯ ಗಿರಣಿಗಳಲ್ಲಿ ಶೇಂಗಾ ಏರುತ್ತದೆ; ಅಲ್ಲಿ ಏರಿದ್ದು ಇಲ್ಲಿಗೆ ತಲುಪಲು ಫೋನೊಂದೇ ದಾರಿ. ಗಿರಣಿಯ ದರವನ್ನು ಖರೀದಿದಾರ ತನ್ನೊಳಗೇ ಇಟ್ಟುಕೊಂಡಷ್ಟು ಹೊತ್ತು ಲಾಭ ಅವನದು. ಅದು ಮೊದಲೇ ರೈತನ ಕಿವಿಗೆ ಬಿದ್ದರೆ ಆತ ರಾಶಿಯ ಮೇಲೆ ಗಟ್ಟಿಯಾಗಿ ಕುಳಿತುಬಿಡುತ್ತಾನೆ, ಅವನ ಪರ ಮಾರಿಕೊಡುವ ದಲಾಲಿಯೂ ಸಡಿಲ ಬಿಡುವುದಿಲ್ಲ.

ಸವಾಲು ನಡೆದಿರುವಾಗಲೇ ದರ ಹೊರಳುವುದೂ ಉಂಟು. ಆಗ ಪಂಚೆಯನ್ನು ಮೊಣಕಾಲಿಗೆ ಎತ್ತಿ ಕಟ್ಟಿದ ದೊಡ್ಡ ಮನುಷ್ಯರು ಹುಡುಗರ ಹಾಗೆ ಬೂತಿಗೆ ಓಡಿ ಬರುತ್ತಾರೆ. ಲೈನ್ ಸಿಗುವುದಿಲ್ಲ. ಸಿಕ್ಕರೆ ಮಾತಿನ ನಡುವೆಯೇ ಕಡಿದುಹೋಗುತ್ತದೆ. ಅತ್ತ ಸವಾಲು ಮುಂದಿನ ರಾಶಿಗೆ ಹೋಗಿರುತ್ತದೆ. ಒಬ್ಬರು ಗಾಜಿಗೆ ಹಣೆ ಒತ್ತಿಕೊಂಡು ನಿಂತರೆ ಇನ್ನೊಬ್ಬರು ಬಾಗಿಲು ಬಡಿಯುತ್ತಾರೆ. ಅಷ್ಟೂ ಗದ್ದಲದ ನಡುವೆ ಶಾಂತಕುಮಾರಿಯ ಬೆರಳು ಒಂದೇ ಹದದಲ್ಲಿ ನಂಬರು ಒತ್ತುತ್ತಲೇ ಇರುತ್ತದೆ. ಮುಖದಲ್ಲಿ ಏನೂ ಕಾಣದು. ಅದೂ ರೂಢಿಸಿಕೊಂಡದ್ದೇ. ದರ ಏರಿತೆಂದು ಹುಬ್ಬು ಒಂದಿಷ್ಟು ಮೇಲೆ ಹೋದರೂ ಸಾಕು, ಓದಿಕೊಳ್ಳುವವರು ಎದುರಿಗೇ ಇದ್ದಾರೆ.

ಶಾಂತಕುಮಾರಿ ಹುಟ್ಟಿದ್ದು ತಂಬ್ರಹಳ್ಳಿಯಲ್ಲಿ. ಅಂಬೆಗಾಲಿಡುವಾಗ ಬಂದ ಜ್ವರ ಎಡಗಾಲಿನ ಬಲವನ್ನು ತೆಗೆದುಕೊಂಡು ಹೋಯಿತು. ಓಡಾಡಲಾಗದ ಹುಡುಗಿ ಅಜ್ಜನ ಪಕ್ಕದಲ್ಲೇ ಬೆಳೆದಳು, ಕೇಳುವುದನ್ನೇ ಆಟ ಮಾಡಿಕೊಂಡಳು. ಎಸ್ಸೆಸ್ಸೆಲ್ಸಿ ಮುಗಿದ ಮೇಲೆ ಹಗರಿಬೊಮ್ಮನಹಳ್ಳಿಯ ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ದಿನಗೂಲಿಯ ಕೆಲಸ ಸಿಕ್ಕಿತು. ಟ್ರಂಕ್ ಕಾಲ್ ಬುಕ್ ಮಾಡಿ ಅರ್ಧ ದಿನ ಕಾಯುತ್ತಿದ್ದ ಕಾಲ ಅದು. ತಾಳ್ಮೆಯಿಲ್ಲದ ವ್ಯಾಪಾರಿಗಳು ಎಂಟು ಪಟ್ಟು ಚಾರ್ಜು ಕೊಟ್ಟು ತಕ್ಷಣ ಸಿಗುವ 'ಲೈಟ್ನಿಂಗ್' ಕಾಲ್ ಕೇಳುತ್ತಿದ್ದರು. ಅಲ್ಲಿದ್ದ ಹಿರಿಯ ಆಪರೇಟರ್ ದಾಕ್ಷಾಯಣಮ್ಮ ಮೊದಲ ದಿನವೇ ಹೇಳಿಕೊಟ್ಟ ಪಾಠವನ್ನು ಶಾಂತಕುಮಾರಿ ಇಂದಿಗೂ ಅವರದೇ ದನಿಯಲ್ಲಿ ಒಪ್ಪಿಸುತ್ತಾರೆ: "ಲೈನು ಕೂಡಿಸೋದು ನಿನ್ನ ಕೆಲಸ. ಕೂಡಿದ ಮ್ಯಾಲ ನೀನು ಅಲ್ಲಿ ಇಲ್ಲ, ತಿಳೀತೇನ?"

ಎಕ್ಸ್‌ಚೇಂಜ್ ಆಟೋಮ್ಯಾಟಿಕ್ ಆಯಿತು. ದಿನಗೂಲಿಯವರ ಕೆಲಸ ಹೋಯಿತು. ಅಂಗವಿಕಲರಿಗೆಂದು ಕೊಡುತ್ತಿದ್ದ ಬೂತಿಗೆ ಅರ್ಜಿ ಹಾಕಿ, ಅಲೆದು, ತೊಂಬತ್ತೆರಡರಲ್ಲಿ ಕೊಟ್ಟೂರಿನ ಈ ಜಾಗ ಪಡೆದರು. ಬೀದಿಯಾಚೆ ಗೇಟಿನ ಪಕ್ಕದ ಬೇವಿನ ಮರದ ನೆರಳಲ್ಲಿ ಶೇಂಗಾ ಕೇರುವ ಹೆಂಗಸರು, ಗೇಟಿನ ಕಟ್ಟೆಯ ಮೇಲೆ ಹಮಾಲರು, ಬೀದಿಯ ಆ ತುದಿಯಲ್ಲಿ ಕೊಟ್ಟೂರೇಶ್ವರ ಸ್ವಾಮಿಯ ಗುಡಿಯ ಕಳಸ. ಸ್ಟೂಲಿನ ಮೇಲೆ ಕುಳಿತರೆ ಇವಿಷ್ಟು ಕಾಣುತ್ತವೆ. ಇವಿಷ್ಟೇ ತಮ್ಮ ಊರು ಎನ್ನುತ್ತಾರೆ.

ಬಾಯಿಗೆ ಹಾಕಿಕೊಂಡ ಬಾಗಿಲು ಒಮ್ಮೆ ತಮ್ಮ ಮನೆಯವರ ಮುಖಕ್ಕೇ ಬಡಿದದ್ದುಂಟು. ಎರಡು ವರ್ಷದ ಕೆಳಗೆ ತಮ್ಮ ಹುಲುಗೇಶ ತಂಬ್ರಹಳ್ಳಿಯಿಂದ ಶೇಂಗಾ ತಂದಿದ್ದ. ಬೂತಿನ ಮೆಟ್ಟಿಲ ಮೇಲೆ ಕುಳಿತು ಚಹಾ ಕುಡಿಯುತ್ತ, ಇವತ್ತೇ ಕೊಟ್ಟುಬಿಡಲೋ ಒಂದೆರಡು ದಿನ ತಡೆಯಲೋ ಎಂದು ಕೇಳಿದ. ಇನ್ನೆರಡು ದಿನದಲ್ಲಿ ಗಿರಣಿಯವರು ದರ ಏರಿಸಲಿದ್ದಾರೆಂಬ ಮಾತು ಆ ಬೆಳಿಗ್ಗೆಯೇ ಬಾಗಿಲ ಸಂದಿನಿಂದ ಅಕ್ಕನ ಕಿವಿಗೆ ಬಿದ್ದಿತ್ತು. "ನಿನ್ನ ದಲಾಲಿನ ಕೇಳಪಾ," ಎಂದಷ್ಟೇ ಅಂದರು. ಹುಲುಗೇಶ ಅಂದೇ ಕೊಟ್ಟ. ದರ ಏರಿದ ಮೇಲೆ ಅಕ್ಕನಿಗೆ ಗೊತ್ತಿದ್ದಿರಬೇಕೆಂಬುದು ಅವನಿಗೂ ಹೊಳೆಯಿತು. ಯುಗಾದಿಯವರೆಗೆ ಈ ಕಡೆ ಮುಖ ಹಾಕಲಿಲ್ಲ.

ಅಂಥ ಶಾಂತಕ್ಕನ ಮೇಲೆಯೇ ಕಳೆದ ಸುಗ್ಗಿಯಲ್ಲಿ ಅಪವಾದ ಬಂತು.

ಈ ಪೇಟೆಯ ದೊಡ್ಡ ಖರೀದಿದಾರರು ಉಜ್ಜಿನಪ್ಪ ಸಾವ್ಕಾರರು. ಗಿರಣಿಯ ದರ ಏರಿದ ದಿನಗಳಲ್ಲಿ ಅವರು ಫೋನು ಮುಗಿಸಿ ಪ್ರಾಂಗಣಕ್ಕೆ ನಡೆದು ಬರುವಷ್ಟರಲ್ಲೇ ರೈತರು ಬಿಗಿಯಾಗಿಬಿಟ್ಟಿರುತ್ತಿದ್ದರು. ಇಳಿದ ದಿನ ಹಾಗಾಗುತ್ತಿರಲಿಲ್ಲ. ಒಂದು ಸಲ ಆದರೆ ಬಿಡಬಹುದು, ಏರಿದಾಗಲೆಲ್ಲ ಹೀಗೇ ಆಗತೊಡಗಿತು. ದರ ಕಿವಿಗೆ ಬೀಳುವುದು ಇಬ್ಬರಿಗೇ, ತಮಗೆ ಮತ್ತು ಬಾಗಿಲ ಬಳಿ ನಿಂತ ಶಾಂತಕುಮಾರಿಗೆ. ತಾವಂತೂ ಹೇಳಿಲ್ಲ. ಸಾವ್ಕಾರರು ಕೆಟ್ಟವರಲ್ಲ, ಮುಂಗೋಪಿ. ಒಂದು ಬೆಳಿಗ್ಗೆ ಸಾಲಿನ ಎದುರಿಗೇ ಅಂದುಬಿಟ್ಟರು: "ನಾವು ಒಳಗ ಪಿಸುಗುಟ್ಟಿದ್ದು ರಾಶಿ ಮ್ಯಾಲ ಕೇಳತೈತಿ. ಈ ಬೂತು ಸೋರಾಕತ್ತೈತಿ ನೋಡ್ರಪಾ."

ಮರುದಿನದಿಂದ ಅವರು ಬಸ್‌ಸ್ಟ್ಯಾಂಡಿನ ಬಳಿಯ ಬೇರೆ ಬೂತಿಗೆ ಹೋಗತೊಡಗಿದರು. ಅಲ್ಲಿಂದ ದರ ಸೋರಲಿಲ್ಲ. ಏರಿದ ದಿನವೂ ರೈತರು ಮೊದಲಿನಂತೆ ಮೆತ್ತಗಿದ್ದರು. ಅಲ್ಲಿಗೆ ಅಪವಾದಕ್ಕೆ ಸಾಕ್ಷಿಯೂ ಸಿಕ್ಕಂತಾಯಿತು. ಒಬ್ಬೊಬ್ಬರಾಗಿ ಉಳಿದ ವ್ಯಾಪಾರಿಗಳೂ ಕಾಲು ತೆಗೆದರು. ಬೆಳಗಿನ ಸಾಲು ಕರಗಿತು. ವರ್ತಕರ ಸಂಘದವರು ಅಮಾವಾಸ್ಯೆ ಕಳೆದ ಮೇಲೆ ಇಲಾಖೆಗೆ ದೂರು ಬರೆಯುತ್ತಾರೆ, ಬೂತು ಬೇರೆಯವರಿಗೆ ಹೋಗುತ್ತದೆ ಎಂಬ ಸುದ್ದಿ ಹಬ್ಬಿತು.

ಶಾಂತಕುಮಾರಿ ಎಂದಿನಂತೆ ಕತ್ತಲಲ್ಲೇ ಬಾಗಿಲು ತೆಗೆಯುತ್ತಿದ್ದರು. ಕಸ ಗುಡಿಸಿ, ದೀಪ ಹಚ್ಚಿ, ಸ್ಟೂಲಿನ ಮೇಲೆ ಕೂರುತ್ತಿದ್ದರು. ಯಾರ ಬಳಿಯೂ ಹೋಗಿ ತನ್ನದು ತಪ್ಪಿಲ್ಲ ಎನ್ನಲಿಲ್ಲ. "ಆಡಿದ ಮಾತಿಗೆ ಸಾಕ್ಷಿ ತರಬೋದು. ಆಡದ ಮಾತಿಗೆ ಎಲ್ಲಿಂದ ತರ್ಲಿ?" ಎನ್ನುತ್ತಾರೆ ಈಗ. ಸುದ್ದಿ ಕೇಳಿ ಹುಲುಗೇಶ ತಂಬ್ರಹಳ್ಳಿಯಿಂದ ಬಂದ. ಅವನಾದರೂ ಏನು ಮಾಡಿಯಾನು. ಬೂತಿನ ಮೆಟ್ಟಿಲ ಮೇಲೆ ಸಂಜೆಯವರೆಗೆ ಕುಳಿತ. ಹೊರಡುವಾಗ, "ನನಗ ಹೇಳದಾಕಿ ಊರಿಗೆ ಹೇಳ್ತಾಳಂತ," ಎಂದು ಯಾರಿಗೋ ಎಂಬಂತೆ ಗೊಣಗಿ ಬಸ್ಸು ಹತ್ತಿದ. ಆ ಒಂದು ಮಾತು ಇಡೀ ವಾರ ತಮ್ಮನ್ನು ಎತ್ತಿ ನಿಲ್ಲಿಸಿತು ಎನ್ನುತ್ತಾರೆ ಅಕ್ಕ.

ಬೇವಿನ ಮರದ ಕೆಳಗೆ ಶೇಂಗಾ ಕೇರುವ ಹೆಂಗಸರಲ್ಲಿ ಜಂಬಕ್ಕ ಹಿರಿಯಳು. ವ್ಯಾಪಾರಿಗಳ ಜಗಳ ಮರದ ಕೆಳಗೆ ಬರಲು ತಡವಾಗುತ್ತದೆ. ಬೂತು ಯಾಕೆ ಹಿಂಗೆ ಬಣಗುಡುತ್ತಿದೆ ಎಂದು ಕೇಳಲು ಒಂದು ಮಧ್ಯಾಹ್ನ ಆಕೆ ಮೊರವನ್ನು ಕಂಕುಳಲ್ಲಿಟ್ಟುಕೊಂಡೇ ಬಂದಳು. ಶಾಂತಕುಮಾರಿ ಎಲ್ಲ ಹೇಳಿದರು. ಜಂಬಕ್ಕ ಕೇಳಿದಳು, ಮೊರ ಕೆಳಗಿಟ್ಟಳು, ಸೆರಗನ್ನು ಬಾಯಿಗೆ ಒತ್ತಿಕೊಂಡು ನಗತೊಡಗಿದಳು. ಇವರಿಗೆ ಅಳು ಬರುವಂತಾಯಿತು. ಆಕೆಯ ನಗು ನಿಲ್ಲಲೊಲ್ಲದು.

"ಅಯ್ಯ ಯವ್ವಾ, ನೀನ್ಯಾಕ ಹೇಳ್ತೀ," ಎಂದಳು ಕಡೆಗೆ ಕಣ್ಣೊರೆಸಿಕೊಂಡು. "ಸಾವ್ಕಾರನ ಕೈನ ಹೇಳ್ತಾವು."

ಗುಟ್ಟು ಇಷ್ಟೇ. ಉಜ್ಜಿನಪ್ಪನವರು ದೈವಭಕ್ತರು. ದರ ಏರಿತೆಂದು ಕೇಳಿದ ದಿನ ಬೂತಿನಿಂದ ಹೊರಗೆ ಕಾಲಿಟ್ಟ ಕೂಡಲೇ ಅವರ ಕೈಗಳು ತಾವಾಗಿಯೇ ಮೇಲೇರಿ ಬೀದಿಯ ತುದಿಯ ಕಳಸಕ್ಕೆ ಮುಗಿಯುತ್ತಿದ್ದವು. ತಮ್ಮ ಗೋದಾಮಿನಲ್ಲಿದ್ದ ಮಾಲಿಗೆ ಬೆಲೆ ಬಂತೆಂಬ ಕೃತಜ್ಞತೆ. ಇಳಿದ ದಿನ ತಲೆ ತಗ್ಗಿಸಿ ಚಪ್ಪಲಿ ಮೆಟ್ಟಿ ನೆಟ್ಟಗೆ ನಡೆದುಬಿಡುತ್ತಿದ್ದರು. ಇದು ಅವರಿಗೇ ಗೊತ್ತಿರಲಿಲ್ಲ. ಎದುರಿಗೆ ಕುಳಿತು ಶೇಂಗಾ ಕೇರುವ ಹೆಂಗಸರಿಗೆ ಗೊತ್ತಿತ್ತು. ಕೈ ಮೇಲೆ ಹೋಯಿತೆಂದರೆ ಅವರಲ್ಲೊಬ್ಬಳು ಮೊರ ಕೊಡವುವ ನೆಪದಲ್ಲಿ ಎದ್ದು ಪ್ರಾಂಗಣಕ್ಕೆ ಹೋಗಿ, ತಮ್ಮೂರ ರೈತನ ಪಕ್ಕದಲ್ಲಿ "ತಡಿಯಣ್ಣ ಒಂದೀಟು," ಎನ್ನುತ್ತಿದ್ದಳು. ಬಸ್‌ಸ್ಟ್ಯಾಂಡಿನ ಬೂತಿನಿಂದ ಗುಡಿಯ ಕಳಸ ಕಾಣುವುದಿಲ್ಲ. ಅಲ್ಲಿ ಕೈ ಏಳುವುದಿಲ್ಲ.

ಶಾಂತಕುಮಾರಿಗೆ ಉಸಿರು ಹಗುರಾದದ್ದು ಒಂದೇ ಗಳಿಗೆ. ಗುಟ್ಟು ಹೊರಬಿದ್ದರೆ ಮರದ ಕೆಳಗಿನವರಿಗೂ ರೈತರಿಗೂ ಇದ್ದ ಸಣ್ಣ ಅನುಕೂಲ ತಪ್ಪುತ್ತದೆ. ಅದನ್ನು ಬಿಟ್ಟುಕೊಡಿ ಎಂದು ಕೇಳಲು ಅವರಿಗೆ ಬಾಯಿ ಬರಲಿಲ್ಲ. ಕೇಳಬೇಕಾಗಿಯೂ ಬರಲಿಲ್ಲ. ಆ ಸಂಜೆ ಮರದ ಕೆಳಗೆ ಮಾತು ನಡೆಯಿತು. ಒಬ್ಬಿಬ್ಬರು ಬೇಡವೆಂದರು, ರೈತರಿಗೆ ಸಿಗುವ ನಾಕು ಕಾಸು ಯಾಕೆ ಕೆಡಿಸಬೇಕು ಎಂದರು. ಜಂಬಕ್ಕ ಮೊರ ಮಗುಚಿ ಹಾಕಿ ಅಂದಳಂತೆ: "ಅಕಿ ಅನ್ನ ಕಸಗೊಂಡು ಯಾರನ್ನ ಉದ್ಧಾರ ಮಾಡಾಕ ಹೊಂಟೀರೇ?" ಅಲ್ಲಿಗೆ ಮಾತು ಮುಗಿಯಿತು. ಹಮಾಲರ ಮೇಸ್ತ್ರಿ ಹೈದರಸಾಬರಿಗೆ ವಿಷಯ ಒಪ್ಪಿಸಿದರು.

ಹೈದರಸಾಬರು ತೂಕದ ಮನುಷ್ಯ, ಸಾವ್ಕಾರರ ಸರೀಕ ವಯಸ್ಸಿನವರು. ಗುಟ್ಟು ಬಿಡದೆ, ವ್ಯಾಪಾರಿಗಳೆಲ್ಲ ಇದ್ದಾಗ ನಯವಾಗಿ ಒಂದು ಪಂಥ ಒಡ್ಡಿದರು. "ನಾಳಿ ಮುಂಜಾನಿ ಶಾಂತಕ್ಕನ ಬೂತಿಗೇ ಬರ್ರಿ ಸಾವ್ಕಾರ್ರ. ಅಕಿನ ಹೊರಗ ಕಳಸ್ರಿ, ನಂಬರು ನೀವ ಒತ್ತಿಕೊಳ್ರಿ. ಮುಗಿಸಿ ಗೇಟಿಗೆ ಬರ್ರಿ. ಏರೈತೋ ಇಳದೈತೋ ನಾನು ಹೇಳ್ತೀನಿ. ತಪ್ಪಿದ್ರ ಆಕಿ ಬೂತು ನೀವು ಏನರ ಮಾಡ್ಕೊಳ್ರಿ."

ಮರುದಿನ ಗೇಟಿನ ಬಳಿ ಜನ ಸೇರಿತ್ತು. ಶಾಂತಕುಮಾರಿ ಊರುಗೋಲು ಹಿಡಿದು ಬೀದಿ ದಾಟಿ ಹೋಗಿ ಬೇವಿನ ಮರದ ಕೆಳಗೆ ಜಂಬಕ್ಕನ ಪಕ್ಕ ಕುಳಿತರು. ಅಂದು ಅವರ ಬಾಯಲ್ಲಿ ಪದ್ಯ ಬರಲಿಲ್ಲ. ದರ ಇಳಿದಿದ್ದರೆ ಕೈ ಏಳುವುದಿಲ್ಲ, ಆಗಲೂ ಹೈದರಸಾಬರು ಸರಿಯಾಗಿ ಹೇಳಿಯಾರು. ಆದರೆ ಇಷ್ಟು ಜನರೆದುರು, ಪರೀಕ್ಷೆಯೆಂದು ಗೊತ್ತಿರುವಾಗ, ಏರಿದ ದಿನ ಕೈ ಏಳದೆ ಹೋದರೆ? ಗಾಜಿನೊಳಗೆ ಸಾವ್ಕಾರರು ನಂಬರು ಒತ್ತಿದರು, ಬಿಟ್ಟರು, ಒತ್ತಿದರು. ಮಾತಾಡಿದರು. ಮುಖ ಕಲ್ಲಿನಂತೆ ಮಾಡಿಕೊಂಡು ಬಾಗಿಲು ತೆಗೆದು ಹೊರಗೆ ಬಂದರು. ಮೆಟ್ಟಿಲು ಇಳಿದರು. ಚಪ್ಪಲಿಗೆ ಕಾಲು ತೂರಿಸಿದರು. ಬೀದಿಯ ತುದಿಯಲ್ಲಿ ಕಳಸಕ್ಕೆ ಎಳೆಬಿಸಿಲು ತಾಗಿತ್ತು. ಸಾವ್ಕಾರರ ಎರಡೂ ಕೈ ಎದೆಯ ಮಟ್ಟಕ್ಕೆ ಬಂದು, ಹಣೆಯ ಮಟ್ಟಕ್ಕೆ ಏರಿ, ಕೂಡಿಕೊಂಡವು.

"ಏರೈತ್ರಿ," ಎಂದರು ಹೈದರಸಾಬರು. "ಚಲೋನ ಏರೈತಿ."

ಸಾವ್ಕಾರರ ಬಾಯಿ ತೆರೆದದ್ದು ತೆರೆದಂತೆಯೇ ಉಳಿಯಿತು. ಯಾರು ಹೇಳಿದರು ಎಂದು ಕೇಳಿದರು. ಜಂಬಕ್ಕ ಮರದ ಕೆಳಗೆ ಎದ್ದು ನಿಂತು, ಕಳಸದ ಕಡೆ ತಿರುಗಿ, ಕಣ್ಣು ಮುಚ್ಚಿ, ಥೇಟ್ ಸಾವ್ಕಾರರ ಹಾಗೆಯೇ ಕೈ ಹಣೆಗೆ ಏರಿಸಿ ಮುಗಿದಳು. ಆಮೇಲೆ ಹಮಾಲರ ಕಟ್ಟೆಯಿಂದ ಶುರುವಾದ ನಗು ವ್ಯಾಪಾರಿಗಳಿಗೂ ಹಬ್ಬಿತು. ತಮ್ಮ ಕೈಗಳನ್ನೇ ತಿರುಗಿಸಿ ಮುರುಗಿಸಿ ನೋಡಿಕೊಳ್ಳುತ್ತಿದ್ದ ಉಜ್ಜಿನಪ್ಪನವರೂ ಹೊಟ್ಟೆ ಹಿಡಿದುಕೊಂಡು ನಕ್ಕರು. ನಗು ಇಳಿದ ಮೇಲೆ ಬೀದಿ ದಾಟಿ ಬಂದು ಮರದ ಕೆಳಗೆ ನಿಂತರು. "ತಪ್ಪಾತು ತಂಗಿ," ಎಂದರು, ಎಲ್ಲರಿಗೂ ಕೇಳುವ ಹಾಗೆ. ಅಪವಾದ ಹೊರಿಸಿದ್ದು ಎಲ್ಲರೆದುರಿಗೆ, ತಪ್ಪೊಪ್ಪಿದ್ದೂ ಎಲ್ಲರೆದುರಿಗೆ. ಶಾಂತಕುಮಾರಿ ಏಳಲು ಹೋದರು. ಊರುಗೋಲು ಹುಡುಕಿದರು, ಅದು ಕೈಯಲ್ಲೇ ಇತ್ತು.

ಸಾಲು ಮತ್ತೆ ಬೆಳೆಯಿತು. ಈ ವರ್ಷವಂತೂ ಹರಪನಹಳ್ಳಿಯಿಂದ ಬರುವ ವ್ಯಾಪಾರಿಗಳೂ ಬಸ್‌ಸ್ಟ್ಯಾಂಡಿನ ಬೂತು ದಾಟಿಕೊಂಡು ಇಲ್ಲಿಗೇ ಬರುತ್ತಾರೆ. ತಮ್ಮನಿಗೂ ಹೇಳಲಿಲ್ಲವಂತೆ ಎಂಬ ಮಾತು ಅವರ ತನಕ ಹೋಗಿದೆ.

ಉಜ್ಜಿನಪ್ಪನವರದು ಬೇರೆ ಕಷ್ಟ. ಕೆಲವು ದಿನ ಕೈಗಳನ್ನು ಹಿಂದೆ ಕಟ್ಟಿಕೊಂಡು ಹೊರಗೆ ಬಂದರು. ಇನ್ನು ಕೆಲವು ದಿನ ಒಂದರಲ್ಲಿ ಕೊಡೆ, ಇನ್ನೊಂದರಲ್ಲಿ ಚೀಲ ಹಿಡಿದು ನೋಡಿದರು. ಸ್ವಾಮಿಗೆ ಬೆನ್ನು ಮಾಡಿದಂತಾಗಿ ಊಟ ರುಚಿಸಲಿಲ್ಲ. ಈಗ ದಿನಾ ಮುಗಿಯುತ್ತಾರೆ, ಏರಿದರೂ ಮುಗಿಯುತ್ತಾರೆ, ಇಳಿದರೂ ಮುಗಿಯುತ್ತಾರೆ. "ಮೊದಲ ಹಿಂಗ ಮಾಡಬೇಕಾಗಿತ್ತು," ಎನ್ನುತ್ತಾರೆ ಅವರು. "ಕೊಟ್ಟ ದಿನ ಅಷ್ಟ ನೆನಸಿದ್ರ ಅದೆಂಥಾ ಭಕ್ತಿ? ಈ ಹೆಣ್ಮಕ್ಕಳು ನನಗ ಬುದ್ಧಿ ಕಲಿಸಿದ್ರು."

ಅವರ ಕೈಯಲ್ಲಿ ಓದಲು ಏನೂ ಉಳಿದಿಲ್ಲವಲ್ಲ, ಈಗ ಮರದ ಕೆಳಗೆ ಕುಳಿತು ಏನು ನೋಡುತ್ತೀರಿ ಎಂದು ಕೇಳಿದರೆ ಜಂಬಕ್ಕ ಮೊರದಿಂದ ತಲೆ ಎತ್ತುವುದಿಲ್ಲ. "ಶೇಂಗಾ ನೋಡ್ತೀವ್ರಿ," ಎನ್ನುತ್ತಾಳೆ. ಪಕ್ಕದ ಹೆಂಗಸರು ಸೆರಗು ಬಾಯಿಗೆ ಒತ್ತಿಕೊಳ್ಳುತ್ತಾರೆ.

ಬಿಸಿಲೇರುತ್ತದೆ. ಪ್ರಾಂಗಣದಲ್ಲಿ ಸವಾಲಿನ ಕೂಗು ಏಳುತ್ತದೆ. ಎರಡು ಫೋನುಗಳ ನಡುವಿನ ಬಿಡುವಿನಲ್ಲಿ ಶಾಂತಕುಮಾರಿ ಗಾಜಿನ ಬಾಗಿಲು ಒರೆಸುತ್ತಾರೆ. ವರ್ತಕರ ಸಂಘದವರು ಬಾಗಿಲ ಸಂದಿಗೆ ರಬ್ಬರ್ ಪಟ್ಟಿ ಹಾಕಿಸಿಕೊಟ್ಟಿದ್ದಾರೆ. ಮೊದಲಿನಷ್ಟು ಮಾತು ಹೊರಗೆ ಬೀಳುವುದಿಲ್ಲ. ಪದ್ಯ ಮಾತ್ರ ಬಿಟ್ಟಿಲ್ಲ. ಇನ್ನೇನಾದರೂ ಬೇಕೆ ಎಂದರೆ ಇನ್ನೊಂದು ಲೈನು ಬೇಕೆನ್ನುತ್ತಾರೆ ಎಂದು ಯಾರಾದರೂ ಊಹಿಸಿಯಾರು. ಅವರ ಆಸೆ ಬೇರೆಯೇ ಇದೆ. ಬರುವ ಸೋಮವಾರ ಹುಲುಗೇಶನ ಶೇಂಗಾ ಪೇಟೆಗೆ ಬರುತ್ತದೆ. ಅಂದು ಬೂತಿಗೆ ರಜೆ ಎಂದು ಈಗಲೇ ಎಲ್ಲ ವ್ಯಾಪಾರಿಗಳಿಗೂ ಹೇಳಿಟ್ಟಿದ್ದಾರೆ. ಉಜ್ಜಿನಪ್ಪನವರು ಅದೊಂದು ದಿನ ಬಸ್‌ಸ್ಟ್ಯಾಂಡಿಗೆ ನಡೆದುಹೋಗಲು ಒಪ್ಪಿದ್ದಾರೆ.

"ತಮ್ಮನ ರಾಶಿ ಪಕ್ಕ ಕುಂದ್ರಬೇಕ್ರಿ," ಎನ್ನುತ್ತಾರೆ ಶಾಂತಕುಮಾರಿ. "ಎಲ್ಲಾರಿಗೂ ಗೊತ್ತಾದಾಗ ನನಗೂ ಗೊತ್ತಾಗಬೇಕು, ಅದಕ್ಕಿಂತ ಮೊದ್ಲು ಬ್ಯಾಡ. ಏರಿದ್ರ ನಗ್ತೀನಿ. ಇಳದ್ರ ಮುಖ ಸಣ್ಣದು ಮಾಡ್ಕೊಂತೀನಿ. ಯಾರರ ನೋಡಿದ್ರೂ ನೋಡ್ಲಿ."